ಬೀಸುಕಲ್ಲಿನಿಂದ ಗಿರಣಿಗೆ: ಕರ್ನಾಟಕದ ಸೂಫಿ ಪದಗಳಲ್ಲಿ ಪ್ರೇಮಮಾರ್ಗ

ಹುಬ್ಬಳ್ಳಿಯ ಕಮರಿಪೇಟೆ ನೇಯ್ಗೆಯ ಹಿನ್ನೆಲೆಯುಳ್ಳ ಸಹಸ್ರಾರ್ಜುನ ಕ್ಷತ್ರಿಯ ಸಮುದಾಯದವರು ನೆಲೆಸಿರುವ ಹಳೆಯ ಪೇಟೆ. ನೂಲು, ಮಗ್ಗ, ಅರಳೆಗಳ ಈ ಊರಿಗೆ ಹತ್ತೊಂಬತ್ತನೆಯ ಶತಮಾನದಲ್ಲಿ ಗಿರಣಿ ಬಂದಾಗ ಅದನ್ನು ಕಂಡು ಪದ ಕಟ್ಟಿದವರು ಶಿಶುನಾಳ ಶರೀಫರು (1819–1889). ಆ ಪದವನ್ನು ಯಂತ್ರಯುಗದ ಬೆರಗಿನ ದಾಖಲೆಯೆಂದು ಓದುವುದು ರೂಢಿ. ಆದರೆ ದುಡಿಮೆಯ ಸಲಕರಣೆಯೊಂದನ್ನು ಹಿಡಿದು ದೇಹ, ಜೀವ, ದೈವಗಳ ಸಂಬಂಧವನ್ನು ವಿವರಿಸುವ ಕ್ರಮ ಕರ್ನಾಟಕದ ಸೂಫಿಗಳಲ್ಲಿ ಅದಕ್ಕೂ ಎರಡು ಶತಮಾನಗಳಷ್ಟು ಹಿಂದೆಯೇ ನೆಲೆಗೊಂಡಿತ್ತು. ಆ ಹಿನ್ನೆಲೆಯಲ್ಲಿ ಶರೀಫರನ್ನು ಓದುವುದು ಪ್ರಸ್ತುತ ಲೇಖನದ ಉದ್ದೇಶ.

ಸೂಫಿಮತದಲ್ಲಿ ಪ್ರೇಮವೆಂಬುದು ಕೇವಲ ಭಾವಾವೇಶವಲ್ಲ. ಅದು ಶಿಸ್ತುಳ್ಳ ಸಾಧನೆ. ಶರೀಅತ್, ತರೀಕತ್, ಹಕೀಕತ್, ಮಾರಿಫತ್ ಎಂಬ ಮೆಟ್ಟಿಲುಗಳನ್ನು ಗುರುವಿನ ಕೈಹಿಡಿದು ಏರಬೇಕು. ‘ನಾನು’ ಎಂಬುದು ಅಳಿಯುವ ‘ಫನಾ’ ಸ್ಥಿತಿಯನ್ನು ದಾಟಿ ಪರಮಸತ್ಯದಲ್ಲಿ ಉಳಿಯುವ ‘ಬಕಾ’ ಸ್ಥಿತಿಯನ್ನು ಮುಟ್ಟಬೇಕು. ಪ್ರೇಮವನ್ನೂ ಸಂಗೀತಶ್ರವಣವನ್ನೂ ಸಾಧನೆಯ ಕೇಂದ್ರದಲ್ಲಿಟ್ಟ ಚಿಶ್ತಿ ಪರಂಪರೆಯು ಕಲಬುರ್ಗಿಯಲ್ಲಿ ಬೇರೂರಿದ್ದು ಖ್ವಾಜಾ ಬಂದೇನವಾಜ್ ಗೇಸುದರಾಜರಿಂದ (1321–1422). ಮುಂದೆ ವಿಜಾಪುರದ ಹೊರವಲಯದ ಶಾಹಪುರದ ದಿಬ್ಬದಲ್ಲಿ ಮೀರಾಂಜಿ ಶಮ್ಸುಲ್ ಉಶ್ಶಾಕ್, ಅವರ ಮಗ ಬುರ್ಹಾನುದ್ದೀನ್ ಜಾನಂ, ಮೊಮ್ಮಗ ಅಮೀನುದ್ದೀನ್ ಆಲಾ (ಮರಣ 1675) ಇವರು ಈ ಪರಂಪರೆಯನ್ನು ದಖನಿ ನುಡಿಗೆ ತಂದರು. ‘ಶಮ್ಸುಲ್ ಉಶ್ಶಾಕ್’ ಎಂದರೆ ಪ್ರೇಮಿಗಳ ಸೂರ್ಯ. ಪಾರಸಿ ಬಾರದ ಜನರಿಗಾಗಿ ದೇಶಭಾಷೆಯಲ್ಲಿ ಬರೆಯುವುದನ್ನು ಜಾನಂ ಬಹಿರಂಗವಾಗಿಯೇ ಸಮರ್ಥಿಸಿಕೊಂಡರು.

ಈ ಬರವಣಿಗೆಯ ಅತ್ಯಂತ ಜೀವಂತ ಭಾಗ ದೊಡ್ಡ ಗ್ರಂಥಗಳಲ್ಲಿಲ್ಲ. ಹೆಂಗಸರು ಬೀಸುವಾಗ, ನೂಲುವಾಗ, ಮಗುವನ್ನು ತೂಗುವಾಗ ಹಾಡಿದ ಚಕ್ಕಿನಾಮಾ, ಚರಖಾನಾಮಾ, ಲೋರಿನಾಮಾಗಳಲ್ಲಿದೆ. ಇವುಗಳ ಮಹತ್ತ್ವವನ್ನು ವಿದ್ವತ್ ಲೋಕಕ್ಕೆ ತೋರಿಸಿಕೊಟ್ಟವರು ವಿಜಾಪುರದ ಸೂಫಿಗಳನ್ನು ಕುರಿತು 1978ರಲ್ಲಿ ಗ್ರಂಥ ಪ್ರಕಟಿಸಿದ ರಿಚರ್ಡ್ ಈಟನ್. ಬೀಸುಕಲ್ಲಿನ ನೆಟ್ಟನೆಯ ಹಿಡಿಗೂಟ ಅರಬ್ಬೀ ವರ್ಣಮಾಲೆಯ ಮೊದಲಕ್ಷರ ‘ಅಲಿಫ್’ನಂತಿದ್ದು ಅಲ್ಲಾಹನನ್ನು ಸೂಚಿಸುತ್ತದೆ, ನಡುವಣ ಗೂಟ ಪ್ರವಾದಿಯವರನ್ನು. ಕಲ್ಲು ತಿರುಗುವ ಲಯಕ್ಕೆ ನಾಮಸ್ಮರಣೆ ಕೂಡುತ್ತದೆ. ಖಾನ್‌ಖಾದಲ್ಲಿ ಸಾಧಕನು ಉಸಿರಿನೊಡನೆ ನಡೆಸುವ ‘ಜಿಕ್ರ್’ ಇಲ್ಲಿ ಬೆಳಗಿನ ಜಾವದ ಹಿಟ್ಟಿನ ಕೆಲಸದೊಡನೆ ನಡೆಯುತ್ತದೆ. ಚಕ್ಕಿನಾಮಾವೊಂದನ್ನು ಗೇಸುದರಾಜರದೆಂದು ಹೇಳುವುದುಂಟಾದರೂ ಆ ಕರ್ತೃತ್ವವನ್ನು ಸುಲಭವಾಗಿ ಒಪ್ಪಲಾಗದು. ಹಾಡಿದವರ ಬಾಯಲ್ಲಿ ಅದು ಯಾರದ್ದೆಂಬುದು ಅಷ್ಟು ಮುಖ್ಯವೂ ಆಗಿರಲಿಕ್ಕಿಲ್ಲ.

ಹಾಡುವವಳು ಹೆಣ್ಣಾದುದರಿಂದ ಪ್ರೇಮದ ಭಾಷೆಯೂ ಬದಲಾಯಿತು. ಪಾರಸಿ ಗಜಲಿನಲ್ಲಿ ನಲ್ಲೆ ಅಥವಾ ನಲ್ಲನಿಗಾಗಿ ಪರಿತಪಿಸುವವನು ಗಂಡು. ದಖನಿಯಲ್ಲಿ ಜೀವವೇ ಮುತ್ತೈದೆ, ದೈವವೇ ಗಂಡ. ಶರಣಸತಿ–ಲಿಂಗಪತಿ ಭಾವವನ್ನು ಬಲ್ಲ ಕನ್ನಡಿಗನಿಗೆ ಇದು ಹೊಸತಲ್ಲ. ಇನ್ನೊಂದು ಸಾಮ್ಯ ಇದಕ್ಕಿಂತ ಆಳವಾದುದು. ಗ್ರೀಕ್–ಇಸ್ಲಾಮೀ ಚಿಂತನೆ ಮೂಲಭೂತಗಳು ನಾಲ್ಕೆಂದು ಎಣಿಸಿದರೆ, ಶಾಹಪುರದ ಸೂಫಿಗಳು ಶೂನ್ಯವನ್ನೂ ಸೇರಿಸಿ ಐದೆಂದರು. ಒಂದೊಂದಕ್ಕೆ ಐದರಂತೆ ಇಪ್ಪತ್ತೈದು ಗುಣಗಳನ್ನು ಹೇಳಿದರು. ಇದು ನಮ್ಮ ತತ್ತ್ವಪದಕಾರರ ಪಂಚೀಕರಣದ ಲೆಕ್ಕವೇ ಆಗಿದೆ. ಎರಡು ಧರ್ಮಗಳ ನಡುವಣ ಸೌಹಾರ್ದವೆಂದಷ್ಟೇ ಹೇಳಿದರೆ ಈ ಕೊಡುಕೊಳ್ಳುವಿಕೆಯ ಸೂಕ್ಷ್ಮ ಕೈತಪ್ಪಿಹೋಗುತ್ತದೆ. ಇಲ್ಲಿ ನಡೆದಿರುವುದು ದೇಹವನ್ನು ಅರಿಯುವ ವಿಧಾನದಲ್ಲಿಯೇ ಆದ ಹೊಂದಾಣಿಕೆ.

ಶರೀಫರಿಗೆ ‘ಭಾವೈಕ್ಯದ ಹರಿಕಾರ’ ಎಂಬ ಬಿರುದು ಅಂಟಿಕೊಂಡಿರುವುದರಿಂದ ಆಗಿರುವ ನಷ್ಟವೂ ಇದೇ. ಮುಸ್ಲಿಂ ಮನೆಯಲ್ಲಿ ಹುಟ್ಟಿ, ಕನ್ನಡ ಶಾಲೆಯ ಶಿಕ್ಷಕರಾಗಿದ್ದು, ಕಳಸದ ಗೋವಿಂದಭಟ್ಟರ ಶಿಷ್ಯರಾದ ಕಥೆಯನ್ನು ನಾವು ಮತ್ತೆ ಮತ್ತೆ ಹೇಳುತ್ತೇವೆ, 1990ರ ಟಿ.ಎಸ್. ನಾಗಾಭರಣರ ಚಲನಚಿತ್ರ ಅದನ್ನು ಮನೆಮನೆಗೆ ಮುಟ್ಟಿಸಿತು. ಪದಗಳೊಳಗಿನ ಸಾಧನೆಯ ಪರಿಭಾಷೆಯನ್ನು ಬಿಡಿಸುವ ಕೆಲಸ ಮಾತ್ರ ಆ ಪ್ರಮಾಣದಲ್ಲಿ ನಡೆದಿಲ್ಲ. ಗಿರಣಿಯ ಪದದಲ್ಲಿ ಕವಿ ಕರೆದು ತೋರಿಸುವುದು ಒಬ್ಬ ಹೆಣ್ಣಿಗೆ. ಚಕ್ಕಿನಾಮಾದಲ್ಲಿ ಬೀಸುತ್ತಿದ್ದವಳು ಅವಳೇ. ಈಗ ಅವಳ ಕೈಯ ಕೆಲಸವನ್ನು ಯಂತ್ರ ಕಸಿದುಕೊಂಡಿದೆ. ತಾನಾಗಿ ತಿರುಗುವಂತೆ ತೋರುವ ಚಕ್ರದ ಹಿಂದೆ ತಿರುಗಿಸುವವನೊಬ್ಬನಿದ್ದಾನೆಂಬ ಅರಿವು ಯಂತ್ರದೆದುರು ಇನ್ನಷ್ಟು ತೀಕ್ಷ್ಣವಾಗುತ್ತದೆ. ಹೀಗೆ ಓದಲು ಶರೀಫರು ದಖನಿ ನಾಮಾಗಳನ್ನು ಕಂಡಿದ್ದರೆಂದು ಸಾಧಿಸಬೇಕಾದ ಅಗತ್ಯವಿಲ್ಲ. ಹುಲಗೂರು ಖಾದರಷಾ ದರ್ಗಾದ ಪರಿಸರದಲ್ಲಿ ಬೆಳೆದವರಿಗೆ ಆ ಕ್ರಮ ಗಾಳಿಯಲ್ಲಿಯೇ ದೊರಕುವಂತಹದು.

ಮೊಹರಂ ಸಂದರ್ಭಕ್ಕೆಂದು ಅವರು ಕಟ್ಟಿದ ರಿವಾಯತ್ ಪದಗಳು ಈ ದೃಷ್ಟಿಯಿಂದ ತತ್ತ್ವಪದಗಳಷ್ಟೇ ಮುಖ್ಯ. ಕರ್ಬಲಾದ ಶೋಕವನ್ನು ಧಾರವಾಡ ಸೀಮೆಯ ಕನ್ನಡದಲ್ಲಿ, ಹೆಜ್ಜೆ ಕುಣಿತದ ಗತ್ತಿನಲ್ಲಿ ಹಾಡುವ ಈ ಮೇಳಗಳಲ್ಲಿ ಹಿಂದೂ ಗಾಯಕರೂ ಸೇರಿರುತ್ತಾರೆ. ಕ್ಯಾಸೆಟ್ಟಿನ ಕಾಲದಿಂದ ಈಚೆಗೆ ಶರೀಫರ ಕೆಲವೇ ಪದಗಳು ಸುಗಮ ಸಂಗೀತದ ಧಾಟಿಗಳಲ್ಲಿ ಎಲ್ಲೆಡೆ ಹರಡಿದವು. ರಿವಾಯತ್ ಪದಗಳು ಹಳ್ಳಿಯ ಹಿರಿಯ ಹಾಡುಗಾರರ ನೆನಪಿನಲ್ಲಿ ಉಳಿದವು. ಅವನ್ನು ಹಾಡುವ ಧಾಟಿಯೊಡನೆ, ಹಾಡುಗಾರರೇ ಹೇಳುವ ಅರ್ಥವಿವರಣೆಯೊಡನೆ ಧ್ವನಿಮುದ್ರಿಸಿಕೊಳ್ಳುವ ಕೆಲಸ ಮೊದಲು ಆಗಬೇಕು. ಪಾಠಸಂಪಾದನೆ ಅದರ ನಂತರದ ಮಾತು.