ದತ್ತ ಮಂಡಲದ ಮನ್ರೋ ದೊರೆ

ನೆಪೋಲಿಯನ್ ಕಾಲದ ಬ್ರಿಟಿಷ್ ಸೇನಾಪತಿ ಯಾರು ಅಂದರೆ ಓದಿದವರು ವೆಲಿಂಗ್ಟನ್ ಹೆಸರು ಹೇಳುತ್ತಾರೆ. ಆದೋನಿ, ರಾಯದುರ್ಗದ ಕಡೆಯ ಹಳಬರನ್ನು ಕೇಳಿ, ‘ಮನ್ರೋ ದೊರೆ’ ಅಂತಾರೆ. ಇಬ್ಬರೂ ಸ್ನೇಹಿತರೇ. 1803ರಲ್ಲಿ ಅಸ್ಸಾಯೆ ಯುದ್ಧ ಗೆದ್ದ ವೆಲಿಂಗ್ಟನ್ ಅದರ ವಿವರವನ್ನು ಕಾಗದ ಬರೆದು ಮನ್ರೋಗೆ ತಿಳಿಸಿದ್ದ.

ಥಾಮಸ್ ಮನ್ರೋ ಹುಟ್ಟಿದ್ದು 1761ರಲ್ಲಿ, ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ. ಅಮೆರಿಕದ ಯುದ್ಧದಿಂದ ತಂದೆಯ ವ್ಯಾಪಾರ ಮುಳುಗಿತು. ಮಗ ಕಂಪನಿಯ ಸೈನ್ಯ ಸೇರಿ 1780ರಲ್ಲಿ ಮದರಾಸಿಗೆ ಬಂದ. ಹೈದರ, ಟಿಪ್ಪು ಇಬ್ಬರ ಮೇಲೂ ಕಾದಿದ. 1792ರಿಂದ ಬಾರಾಮಹಲಿನಲ್ಲಿ ಕ್ಯಾಪ್ಟನ್ ರೀಡ್ ಕೈಕೆಳಗೆ ಕಂದಾಯದ ಕೆಲಸ ಕಲಿತ.

1800ರಲ್ಲಿ ನಿಜಾಮ ಕಂಪನಿ ಸೈನ್ಯದ ಖರ್ಚಿಗೆಂದು ಬಳ್ಳಾರಿ, ಕಡಪ ಸೀಮೆಗಳನ್ನು ಬಿಟ್ಟುಕೊಟ್ಟ. ಅದೇ ದತ್ತ ಮಂಡಲ. ಅಲ್ಲಿಗೆ ಬಂದ ಮನ್ರೋ ಸುಮಾರು 80 ಪಾಳೇಗಾರರನ್ನು ಬಗ್ಗಿಸಿದ. ಆಮೇಲೆ ಕತ್ತಿಯ ಜಾಗಕ್ಕೆ ಸರಪಳಿ ಬಂತು. ಖುಷ್ಕಿ, ತರಿ, ಬಾಗಾಯ್ತು ಅಂತ ವಿಂಗಡಿಸಿ ಹೊಲಗಳನ್ನೆಲ್ಲ ಅಳೆಸಿದ. ನಡುವೆ ಜಮೀನ್ದಾರನಿಲ್ಲ, ರೈತನ ಹೆಸರಿಗೇ ಪಟ್ಟಾ. ಇದೇ ರೈತವಾರಿ.

ನಮ್ಮ ಜನ ಆತನನ್ನು ಋಷಿ ಮಾಡಿದರು. ಮಕ್ಕಳಿಗೆ ಮನ್ರೋಲಪ್ಪ ಅಂತ ಹೆಸರಿಟ್ಟರು. ಮಂತ್ರಾಲಯದಲ್ಲಿ ರಾಯರು ಬೃಂದಾವನದಿಂದಲೇ ಆತನೊಡನೆ ಮಾತಾಡಿದರೆಂದು ಭಕ್ತರು ನಂಬುತ್ತಾರೆ. ನಂಬಿಕೆಗೆ ನನ್ನ ತಕರಾರಿಲ್ಲ. ಆದರೆ ಒಕ್ಕಲಿಗನಾಗಿ ಲೆಕ್ಕವನ್ನೂ ನೋಡಬೇಕಲ್ಲ? ಶಿಸ್ತು ಭಾರವಾಗಿತ್ತು. ಕಾಲುಭಾಗ ಇಳಿಸಿರೆಂದು 1807ರಲ್ಲಿ ಮನ್ರೋನೇ ಮೇಲಿನವರಿಗೆ ಬರೆದ. ಅವರು ಕೇಳಲಿಲ್ಲ. ಆತ ಸ್ವದೇಶಕ್ಕೆ ಹೋದ ಮೇಲೆ ಊರಿಗೆ ಊರನ್ನೇ ಮೊದಲು ಮೂರು ವರ್ಷ, ಆಮೇಲೆ ಹತ್ತು ವರ್ಷ ಗುತ್ತಿಗೆಗೆ ಕೊಟ್ಟರು. ರೈತ ಸೊರಗಿದ.

1814ರಲ್ಲಿ ಮನ್ರೋ ಮರಳಿ ಬಂದ. ವಾಟರ್ಲೂ ಕಾಳಗ ನಡೆದ 1815ರಲ್ಲಿ ಮದರಾಸಿನಲ್ಲಿ ನ್ಯಾಯ ಸುಧಾರಣೆಯ ಕೆಲಸದಲ್ಲಿದ್ದ. ಪೇಶ್ವೆ ಮೇಲಿನ ಯುದ್ಧದಲ್ಲಿ ಬ್ರಿಗೇಡಿಯರ್ ಜನರಲ್ ಆಗಿ, ಕೈಯಲ್ಲಿ ದಂಡು ಕಡಿಮೆಯಿದ್ದರೂ ಸ್ಥಳೀಯ ಬಂಟರನ್ನು ಕಟ್ಟಿಕೊಂಡು 1818ರಲ್ಲಿ ಬಾದಾಮಿ, ಬೆಳಗಾವಿ, ಸೊಲ್ಲಾಪುರ ಹಿಡಿದ. 1820ರಲ್ಲಿ ಮದರಾಸಿನ ಗವರ್ನರ್ ಆದಾಗ, 13 ವರ್ಷದ ಹಿಂದೆ ತಾನು ಕೇಳಿದ್ದ ಕಾಲುಭಾಗದ ಇಳಿಕೆಯನ್ನು ತಾನೇ ಜಾರಿ ಮಾಡಿದ. ಋಷಿಯ ಕಥೆಗಿಂತ ಈ ಸಂಗತಿ ನನಗೆ ದೊಡ್ಡದು.

ಹಾಗಂತ ರೈತವಾರಿ ಬರೀ ವರವಲ್ಲ. ಹೊಲ ರೈತನದಾಯಿತು, ಬರವೂ ರೈತನದೇ ಆಯಿತು. ಮಳೆ ಕೈಕೊಟ್ಟರೆ ಸರ್ಕಾರದ ಮುಂದೆ ನಿಲ್ಲುವವನು ಆತ ಒಬ್ಬನೇ.

1827ರಲ್ಲಿ ದತ್ತ ಮಂಡಲವನ್ನು ಕಡೇ ಸಲ ನೋಡಲು ಬಂದ ಮನ್ರೋ, ಜುಲೈ 6ರಂದು ಪತ್ತಿಕೊಂಡದಲ್ಲಿ ಕಾಲರಾದಿಂದ ತೀರಿಕೊಂಡ. ಗುತ್ತಿಯಲ್ಲಿ ಮಣ್ಣು ಮಾಡಿ, 1831ರಲ್ಲಿ ಅಸ್ಥಿಯನ್ನು ಮದರಾಸಿನ ಕೋಟೆಯ ಸೇಂಟ್ ಮೇರಿ ಚರ್ಚಿಗೆ ಒಯ್ದರು. ಆ ಊರಿನಲ್ಲಿ ಕುದುರೆಯೇರಿದ ಆತನ ವಿಗ್ರಹವಿದೆ. ಕುದುರೆಗೆ ಜೀನೂ ಇಲ್ಲ, ರಿಕಾಪೂ ಇಲ್ಲ.

1953ರ ಅಕ್ಟೋಬರ್ 1ರಂದು ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಸೇರಿದವು. ನನ್ನ ಪಟ್ಟಾ ಪುಸ್ತಕ ತೆಲುಗಿನಲ್ಲಿದೆ. ಎತ್ತುಗಳ ಜೊತೆ ನನ್ನ ಮಾತು ಕನ್ನಡದಲ್ಲೇ. ಗಡಿ ಸರಿದರೂ, ರೈತನ ಹೆಸರಿಗೇ ಪಟ್ಟಾ ಎಂಬ ಮನ್ರೋ ಪದ್ಧತಿ ಮಾತ್ರ ಸರಿಯಲಿಲ್ಲ.