ಸಾಯಿ ಎಂಬ ಹೆಸರೂ, ಸಾಯಿ ಎಂಬ ಬೈಗುಳವೂ

ಕೋಲಾರದ ಚಿನ್ನದ ಗಣಿಗಳಿಗೋಸ್ಕರ 1894ರಲ್ಲಿ ಬಂಗಾರಪೇಟೆಯಿಂದ ಮಾರಿಕುಪ್ಪಂವರೆಗೆ ಹಾಕಿದ ರೈಲುದಾರಿಯಲ್ಲಿ, ಗಣಿಗಳು 2001ರಲ್ಲಿ ಮುಚ್ಚಿಹೋದ ಮೇಲೆ, ಬೆಂಗಳೂರಿನ ದುಡಿಮೆಗೆ ಹೋಗಿಬರುವ ಜನರೇ ತುಂಬಿರುತ್ತಾರೆ. ಸಂಜೆಯ ಗಾಡಿಯ ಬಾಗಿಲ ಬಳಿ ಮೊಬೈಲಿನ ಬಂದೂಕಿನಾಟದ ಮೇಲೆ ಬಾಗಿ, 'ಮಚ್ಚಾ, ಹಿಂದೆ ಪಾರುರಾ' ಎಂದು ಕೂಗುವ ತರುಣನ ಆ ಪುಟ್ಟ ವಾಕ್ಯದಲ್ಲಿ ತಮಿಳು, ಕನ್ನಡ, ತೆಲುಗು ಮೂರೂ ಕೂಡಿಕೊಂಡಿವೆಯೆಂಬುದನ್ನು ಕೋಲಾರದ ಸೀಮೆಯವರಿಗೆ ವಿವರಿಸಬೇಕಾಗಿಲ್ಲ.

ಭಾರತ ಸರ್ಕಾರವು 2020ರ ಸೆಪ್ಟೆಂಬರ್ 2ರಂದು ನಿಷೇಧಿಸಿದ ಪಬ್ಜಿ ಮೊಬೈಲ್ ಆಟವು, ಮರುವರ್ಷ ಜುಲೈ 2ರಂದು ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಎಂಬ ನೂತನ ನಾಮಧೇಯದಿಂದ ಬಂದಾಗ, ನೆತ್ತರು ಹಸುರು ಬಣ್ಣ ತಳೆದಿತ್ತು. 'ಕಿಲ್' ಎಂದಿದ್ದೆಡೆ 'ಫಿನಿಶ್' ಎಂದಾಗಿತ್ತು. ಪರದೆಯ ಪದವನ್ನು ಕಂಪನಿಯು ಒಂದು ಅಪ್‌ಡೇಟಿನಿಂದ ತಿದ್ದಬಲ್ಲದು. ಆಟಗಾರರು ಪರಸ್ಪರ ಆಡುವ ಮಾತು ಅಷ್ಟು ಸುಲಭವಾಗಿ ಕೈಗೆ ಬರುವಂಥದಲ್ಲ.

ಅಪ್‌ಡೇಟೆಂಬುದು ಅನೇಕ ವೇಳೆ ಅತ್ಯಲ್ಪವಾದದ್ದು: ಒಂದು ಬಂದೂಕಿನ ಬಲವನ್ನು ತುಸು ತಗ್ಗಿಸಿರುತ್ತಾರೆ, ಅಷ್ಟೇ. ಆದರೆ ತಿಂಗಳುಗಟ್ಟಲೆ ಅದೊಂದನ್ನೇ ಅಭ್ಯಾಸಮಾಡಿ ಕೈ ಪಳಗಿಸಿಕೊಂಡವನು ಅಂದೇ ಸೋಲತೊಡಗುತ್ತಾನೆ. ಆ ಸಂಕಟವು ಜೊತೆಗಾರನ ಮೇಲಿನ ಬೈಗುಳವಾಗಿ ಚಾಟಿನಲ್ಲಿ ಹೊರಬೀಳುತ್ತದೆ. ಅದನ್ನು ತಡೆಯುವ ಮೊದಲ ಕಾವಲುಗಾರನು ನಿಷಿದ್ಧಪದಗಳ ಪಟ್ಟಿಯೊಂದನ್ನು ಹಿಡಿದ ಯಂತ್ರ. ಇಂಗ್ಲೆಂಡಿನ ಸ್ಕಂಥಾರ್ಪ್ ಊರಿನ ಜನರು, ತಮ್ಮೂರ ಹೆಸರಿನೊಳಗೆ ಅಶ್ಲೀಲಪದವೊಂದರ ಅಕ್ಷರಗಳು ಅಡಗಿದ್ದುವೆಂಬ ಕಾರಣಕ್ಕೆ, 1996ರಲ್ಲಿ ಎಒಎಲ್ ಸಂಸ್ಥೆಯಲ್ಲಿ ಖಾತೆ ತೆರೆಯಲಾರದೆ ಹೋದದ್ದು ಇಂಥ ಪಟ್ಟಿಯಿಂದಲೇ.

ನಮ್ಮಲ್ಲಿ ಈ ತೊಡಕು ಇನ್ನೂ ಗಹನವಾದುದು. 'ಸಾಯಿ' ಎಂಬುದು ಈ ಸೀಮೆಯಲ್ಲಿ ಭಕ್ತಿಯಿಂದ ಇಟ್ಟ ಹೆಸರು. ಕನ್ನಡದಲ್ಲಿ ಅದೇ ಶಾಪವೂ ಹೌದು. 'ಮಗನೇ' ಎಂಬ ಮಾತು ತಾಯಿಯ ಬಾಯಲ್ಲಿ ವಾತ್ಸಲ್ಯ, ಸೋತವನ ಬಾಯಲ್ಲಿ ಪಂಥಾಹ್ವಾನ. ಪದವನ್ನು ತಡೆದರೆ ಗೆಳೆಯನನ್ನು ಹೆಸರು ಹಿಡಿದು ಕರೆದವನು ಮ್ಯೂಟ್ ಆದಾನು. ಬಿಟ್ಟರೆ ಹದಿಮೂರರ ಬಾಲಕನೊಬ್ಬನು ಇರುಳೆಲ್ಲ ನಿಂದೆಯನ್ನು ನುಂಗಬೇಕಾದೀತು. ಇದಕ್ಕೆ, ಸಾಲಿನ ಹಿಂದುಮುಂದನ್ನು ಓದಿ, ಯಾರು ಯಾರಿಗೆ ಯಾವ ಸಲುಗೆಯಿಂದ ಅಂದರೆಂದು ತಿಳಿಯಬಲ್ಲ ಮನುಷ್ಯನೇ ಬೇಕು. ಅವನು ಈ ನೆಲದ ಮಾತುಗಳನ್ನು ಕೇಳಿ ಬೆಳೆದವನಾಗಿರಬೇಕು.

ಆಟದ ಕಂಪನಿಗಳು ಕನ್ನಡ, ತಮಿಳು, ತೆಲುಗು ಬಲ್ಲ ಮೇಲ್ವಿಚಾರಕರನ್ನು ನೇಮಿಸಿಕೊಳ್ಳಲಿ. ರೈಲಿನ ಬಾಗಿಲಲ್ಲಿ ನಿಂತ ತರುಣರೂ ದೂರು ಕೊಡುವ ರಿಪೋರ್ಟ್ ಗುಂಡಿಯನ್ನು ಸೋಲಿನ ಸೇಡಿಗಾಗಿ ಒತ್ತದೆ, ನಿಜವಾಗಿ ನೊಂದವನ ಪರವಾಗಿ ಒತ್ತಲಿ.