ದಿಕ್ಕುಳ್ಳ ಮಸುಕು

ಕಣ್ಣು ತೋರಿಸಿಕೊಂಡು ಬಂದವರ ಕೈಯಲ್ಲಿರುವ ಚೀಟಿಯಲ್ಲಿ ಒಂದೊಂದು ಕಣ್ಣಿಗೂ ಮೂರು ಮನೆಗಳಿರುತ್ತವೆ: ಎಸ್‌ಪಿಎಚ್, ಸಿವೈಎಲ್, ಆಕ್ಸಿಸ್. ಮೊದಲ ಮನೆಯ ಅಂಕಿ ಎಲ್ಲರಿಗೂ ಬಾಯಿಪಾಠ. ‘ನಂದು ಮೈನಸ್ ಒಂದೂವರೆ’ ಎಂದು ಹೇಳಿಬಿಡುತ್ತಾರೆ. ಎರಡನೆಯದು ‘ಸಿಲಿಂಡರ್ ಪವರ್’ ಎಂಬುದಷ್ಟೇ ಕೆಲವರಿಗೆ ಗೊತ್ತು. ಮೂರನೆಯ ಮನೆಯಲ್ಲಿ 180 ಎಂದೋ 75 ಎಂದೋ ಬರೆದಿರುತ್ತದೆ. ಅದೇನೆಂದು ಕೇಳುವವರು ಅಪರೂಪ. ಆದರೆ ನಿಮ್ಮ ಕನ್ನಡಕ ಸರಿಯಾಗಿ ಕೂರುವುದೂ ತಲೆನೋವು ತರುವುದೂ ಎಷ್ಟೋ ಸಲ ಆ ಮೂರನೆಯ ಅಂಕಿಯ ಮೇಲೇ ನಿಂತಿರುತ್ತದೆ.

ಎರಡನೆಯ ಮತ್ತು ಮೂರನೆಯ ಮನೆ ತುಂಬಿದೆ ಎಂದರೆ ನಿಮ್ಮ ಕಣ್ಣು ಅಸ್ಟಿಗ್ಮ್ಯಾಟಿಕ್ ಎಂದರ್ಥ. ಗ್ರೀಕಿನ ‘ಸ್ಟಿಗ್ಮಾ’ ಎಂದರೆ ಚುಕ್ಕೆ. ಮುಂದಿರುವ ‘ಅ’ ನಮ್ಮ ಅಶುಭ, ಅಸತ್ಯಗಳಲ್ಲಿರುವಂಥ ನಿಷೇಧ. ಚುಕ್ಕೆಯನ್ನು ಚುಕ್ಕೆಯಾಗಿ ಮೂಡಿಸಲಾರದ ಕಣ್ಣು, ಗಾಜು, ಯಂತ್ರ ಯಾವುದಕ್ಕಾದರೂ ಈ ವಿಶೇಷಣ ಸಲ್ಲುತ್ತದೆ. ವೈದ್ಯರು ಕಣ್ಣಿಗೆ ಬಳಸುತ್ತಾರೆ, ಕ್ಯಾಮೆರಾ ಮಾಡುವವರು ಲೆನ್ಸಿಗೆ ಬಳಸುತ್ತಾರೆ, ಎಲೆಕ್ಟ್ರಾನ್ ಸೂಕ್ಷ್ಮದರ್ಶಕದವರು ಎಲೆಕ್ಟ್ರಾನುಗಳ ಕಿರಣಪುಂಜಕ್ಕೆ ಬಳಸುತ್ತಾರೆ. ಎಲ್ಲ ಕಡೆಯೂ ವಿಷಯ ಒಂದೇ. ಒಂದು ದಿಕ್ಕಿನಲ್ಲಿ ಬೆಳಕು ಒಂದೆಡೆ ಕೂಡುತ್ತದೆ, ಅದಕ್ಕೆ ಅಡ್ಡಲಾದ ದಿಕ್ಕಿನಲ್ಲಿ ಇನ್ನೊಂದೆಡೆ ಕೂಡುತ್ತದೆ.

ಕಣ್ಣಿನಲ್ಲಿ ಇದು ಹೇಗಾಗುತ್ತದೆ? ಕಣ್ಣಿನ ಮುಂಭಾಗದ ಪಾರದರ್ಶಕ ಪರದೆ, ಅಂದರೆ ಕಾರ್ನಿಯಾ, ಕಣ್ಣಿನ ಒಟ್ಟು ಸುಮಾರು 60 ಡಯಾಪ್ಟರ್ (ಚೀಟಿಯ ‘ಪವರ್’ ಅಳೆಯುವ ಮಾನವೂ ಇದೇ) ಶಕ್ತಿಯಲ್ಲಿ 43ರಷ್ಟನ್ನು ತಾನೇ ಒದಗಿಸುತ್ತದೆ. ಅದರ ಬಾಗಿನ ತ್ರಿಜ್ಯ 7.8 ಮಿಲಿಮೀಟರ್ ಆಸುಪಾಸು. ಎಲ್ಲ ದಿಕ್ಕಿಗೂ ಒಂದೇ ಬಾಗು ಇದ್ದರೆ ತೊಂದರೆಯಿಲ್ಲ. ಚಮಚದ ಬೆನ್ನನ್ನು ಸವರಿ ನೋಡಿ: ಉದ್ದಕ್ಕೆ ಬಾಗು ಕಡಿಮೆ, ಅಡ್ಡಕ್ಕೆ ಹೆಚ್ಚು. ಕಾರ್ನಿಯಾ ಕೂಡ ಸ್ವಲ್ಪ ಹಾಗಿದ್ದರೆ ಸಾಕು. ಒಂದು ದಿಕ್ಕಿಗೂ ಇನ್ನೊಂದಕ್ಕೂ ತ್ರಿಜ್ಯದಲ್ಲಿ ಬರೀ 0.1 ಮಿಲಿಮೀಟರ್ ವ್ಯತ್ಯಾಸವಾದರೆ ಅರ್ಧ ಡಯಾಪ್ಟರಿಗಿಂತ ತುಸು ಹೆಚ್ಚೇ ಸಿಲಿಂಡರ್ ಹುಟ್ಟುತ್ತದೆ. ಇಷ್ಟು ಸೂಕ್ಷ್ಮ ಅಳತೆಯ ಅಂಗ ಅಚ್ಚುಕಟ್ಟಾದ ಗೋಳವಾಗಿರಬೇಕೆಂದು ಬಯಸುವುದೇ ಹೆಚ್ಚಾಯಿತು. ಬಹುಪಾಲು ಕಣ್ಣುಗಳಲ್ಲಿ ಅಷ್ಟಿಷ್ಟು ಸಿಲಿಂಡರ್ ಇದ್ದೇ ಇರುತ್ತದೆ. ಇದು ರೋಗವಲ್ಲ, ಆಕಾರ. ಒಳಗಿನ ಸ್ಫಟಿಕ ಮಸೂರವೂ ಇದಕ್ಕೆ ಒಂದಿಷ್ಟು ಪಾಲು ಸೇರಿಸುತ್ತದೆ.

ಇಂಥ ಕಣ್ಣಿಗೆ ದೂರದ ದೀಪದಿಂದ ಬಂದ ಬೆಳಕು ಒಂದು ಬಿಂದುವಿನಲ್ಲಿ ಸೇರುವುದೇ ಇಲ್ಲ. ಮೊದಲು ಒಂದು ಗೆರೆಯಾಗಿ ಕೂಡಿ, ಮುಂದೆ ಹೋಗಿ ಅದಕ್ಕೆ ಅಡ್ಡವಾದ ಇನ್ನೊಂದು ಗೆರೆಯಾಗುತ್ತದೆ. ನಡುವೆ ಎಲ್ಲೋ ಒಂದು ಕಡೆ ದುಂಡನೆಯ ಮಸುಕು ಮಚ್ಚೆ. ಎರಡು ಗೆರೆಗಳ ನಡುವೆ ಬೆಳಕು ತಾಳುವ ಈ ಆಕೃತಿಗೆ ಗಣಿತಜ್ಞ ಸ್ಟರ್ಮ್ ಹೆಸರಿನಲ್ಲಿ ಸ್ಟರ್ಮ್ ಕೊನಾಯ್ಡ್ ಎನ್ನುತ್ತಾರೆ. ರೆಟಿನಾ ಯಾವ ಗೆರೆಯ ಹತ್ತಿರ ಬಿದ್ದಿದೆಯೋ ಅದರ ಮೇಲೆ ನಿಮಗೆ ಯಾವುದು ಸ್ಪಷ್ಟ, ಯಾವುದು ಮಸುಕು ಎಂಬುದು ತೀರ್ಮಾನವಾಗುತ್ತದೆ.

ಒಂದು ಚೀಟಿಯನ್ನೇ ತೆಗೆದುಕೊಳ್ಳೋಣ: −1.50 / −1.00 × 180. ಅಡ್ಡ ದಿಕ್ಕಿಗೆ ಈ ಕಣ್ಣಿಗೆ ಬೇಕಾದದ್ದು −1.50, ಮೇಲಿನಿಂದ ಕೆಳಕ್ಕೆ ಬೇಕಾದದ್ದು −2.50. ಸಿಲಿಂಡರ್ ಗಾಜಿಗೆ ಅದರ ಅಕ್ಷದುದ್ದಕ್ಕೂ ಶಕ್ತಿಯಿರುವುದಿಲ್ಲ. ಅಕ್ಷಕ್ಕೆ ಅಡ್ಡಲಾಗಿಯೇ ಅದರ ಶಕ್ತಿಯೆಲ್ಲ. ಹಾಗಾಗಿ ಅಕ್ಷ 180, ಅಂದರೆ ಮಟ್ಟಸ, ಎಂದು ಬರೆದರೆ ಸಿಲಿಂಡರಿನ −1.00 ಕೆಲಸ ಮಾಡುವುದು ಲಂಬ ದಿಕ್ಕಿನಲ್ಲಿ. ಈಗ ಸಿಲಿಂಡರ್ ಬಿಟ್ಟು ಬರೀ −1.50ರ ಗಾಜು ಹಾಕಿ ಬೀದಿಗೆ ಬನ್ನಿ. ವಿದ್ಯುತ್ ಕಂಬದ ಅಂಚು ಗೆರೆ ಕೊರೆದ ಹಾಗೆ ಕಾಣುತ್ತದೆ, ಅದರಿಂದ ಹೊರಟ ತಂತಿಗಳು ಮಾತ್ರ ಕದಡಿಹೋಗುತ್ತವೆ. ಮಸುಕು ಮೇಲಕ್ಕೂ ಕೆಳಕ್ಕೂ ಮಾತ್ರ ಹರಡುವುದರಿಂದ ಕಂಬದ ಮಸುಕು ಕಂಬದ ಉದ್ದದಲ್ಲೇ ಅಡಗಿಹೋಗುತ್ತದೆ. ಬರೀ −2.50 ಹಾಕಿದರೆ ತಂತಿ ಸ್ಪಷ್ಟವಾಗಿ ಕಂಬ ಮಸುಕಾಗುತ್ತದೆ. ಚಿಕ್ಕ ವಯಸ್ಸಿನವರು ಕಣ್ಣೊಳಗಿನ ಸ್ನಾಯುವಿನ ಬಲದಿಂದ ಹೇಗೋ ಎರಡರ ನಡುವೆ ಹೊಂದಿಸಿಕೊಳ್ಳುತ್ತಾರೆ. ಸಂಜೆಯ ಹೊತ್ತಿಗೆ ಹುಬ್ಬಿನ ಮೇಲೆ ನೋವು ಬರುವುದು ಹಲವರಿಗೆ ಹೀಗೆ.

ಅದಕ್ಕೇ ಇಲ್ಲಿ ‘ಪವರ್ ಹೆಚ್ಚಿಸಿದರೆ ಸರಿಹೋಗುತ್ತದೆ’ ಎಂಬ ಮಾತು ನಡೆಯುವುದಿಲ್ಲ. ಮಸುಕಿಗೆ ದಿಕ್ಕಿದೆ, ಪರಿಹಾರಕ್ಕೂ ದಿಕ್ಕು ಬೇಕು. ಓದಿನಲ್ಲೂ ಇದು ಕಾಣಿಸುತ್ತದೆ. ದ ಮತ್ತು ಧ, ಡ ಮತ್ತು ಢ ಬೇರೆಯಾಗುವುದು ಕೆಳಗಿನ ಒಂದು ಪುಟ್ಟ ಲಂಬ ಸೀಳಿನಿಂದ. ಲಂಬಗೆರೆಗಳು ಹರಡಿಕೊಳ್ಳುವ ಕಣ್ಣಿಗೆ, ಅಂದರೆ ಮೈನಸ್ ಸಿಲಿಂಡರಿನ ಅಕ್ಷ 90ರ ಹತ್ತಿರ ಇರುವವರಿಗೆ, ಸಣ್ಣಕ್ಷರದಲ್ಲಿ ಮೊದಲು ಕೈಕೊಡುವುದು ಇಂಥ ಗುರುತುಗಳು. ಹರೆಯದಲ್ಲಿ ಅಕ್ಷ 180ರ ಹತ್ತಿರ ಇರುವುದು ಸಾಮಾನ್ಯ. ವಯಸ್ಸಾದಂತೆ ಅದು 90ರ ಕಡೆಗೆ ತಿರುಗುವುದೂ ಸಾಮಾನ್ಯ.

ಇದನ್ನು ಮೊದಲು ತನ್ನ ಕಣ್ಣಿನಲ್ಲೇ ಕಂಡು ಬರೆದಿಟ್ಟವನು ಇಂಗ್ಲೆಂಡಿನ ಥಾಮಸ್ ಯಂಗ್, 1801ರಲ್ಲಿ. ಕಣ್ಣನ್ನು ನೀರಿಗೆ ಆನಿಸಿಟ್ಟು ಕಾರ್ನಿಯಾದ ಶಕ್ತಿಯನ್ನು ಅಳಿಸಿ ನೋಡಿದ, ದೋಷ ಹಾಗೆಯೇ ಉಳಿಯಿತು. ಹಾಗಾದರೆ ದೋಷ ಒಳಗಿನ ಮಸೂರದ್ದು ಎಂದು ಸರಿಯಾಗಿಯೇ ತರ್ಕಿಸಿದ. ಅವನ ಕಣ್ಣು ಅಂಥ ಅಪರೂಪದ್ದಾಗಿತ್ತು. ಆದರೆ ಪರಿಹಾರಕ್ಕೆ ಕೈಹಾಕಿದವನು ಜಾರ್ಜ್ ಏರಿ. ಮುಂದೆ ಬ್ರಿಟನ್ನಿನ ರಾಜಖಗೋಳಜ್ಞನಾದ ಇವನಿಗೆ ಆಗಿನ್ನೂ ಇಪ್ಪತ್ತರ ಹರೆಯ. ಓದುವಾಗ ತನ್ನ ಎಡಗಣ್ಣು ಸುಮ್ಮನೆ ಕೂತಿರುತ್ತದೆ ಎಂಬುದನ್ನು ಗಮನಿಸಿದ ಏರಿ, ಕಾರ್ಡಿನಲ್ಲಿ ಸೂಜಿರಂಧ್ರ ಮಾಡಿ ಅದನ್ನು ಹತ್ತಿರ ದೂರ ಸರಿಸುತ್ತ ಎರಡು ದೂರಗಳಲ್ಲಿ ಅದು ಒಂದಕ್ಕೊಂದು ಅಡ್ಡವಾದ ಎರಡು ಗೆರೆಗಳಾಗುವುದನ್ನು ಅಳೆದ. ಆ ಅಳತೆಯಿಂದ ಗಾಜಿನ ಲೆಕ್ಕ ಹಾಕಿ, ಇಪ್ಸ್‌ವಿಚ್‌ನ ಕನ್ನಡಕದವನೊಬ್ಬನಿಂದ ಸಿಲಿಂಡರ್ ಗಾಜು ಅರೆಸಿಕೊಂಡ. 1825ರಲ್ಲಿ ಕೇಂಬ್ರಿಡ್ಜಿನಲ್ಲಿ ಇದನ್ನು ವರದಿ ಮಾಡಿದ. ದೋಷಕ್ಕೆ ಹೆಸರಿಟ್ಟವನು ಅಲ್ಲಿಯ ವಿದ್ವಾಂಸ ವಿಲಿಯಂ ಹ್ಯೂವೆಲ್. ಒಬ್ಬನ ಸ್ವಂತ ಕುತೂಹಲವಾಗಿದ್ದ ಇದನ್ನು ದಿನನಿತ್ಯದ ಕಣ್ಣಿನ ಚಿಕಿತ್ಸೆಯಾಗಿ ಮಾಡಿದ ಕೀರ್ತಿ, 1860ರ ದಶಕದಲ್ಲಿ ಯೂಟ್ರೆಕ್ಟ್‌ನಲ್ಲಿ ಕೆಲಸ ಮಾಡಿದ ನೇತ್ರವೈದ್ಯ ಡಾಂಡರ್ಸ್‌ಗೆ ಸಲ್ಲಬೇಕು.

ಈಗ ಆ ಮೂರನೆಯ ಮನೆ. ಅಕ್ಷವನ್ನು 1ರಿಂದ 180ರವರೆಗಿನ ಡಿಗ್ರಿಗಳಲ್ಲಿ ಬರೆಯುತ್ತಾರೆ, ನಿಮ್ಮ ಎದುರಿಗೆ ಕೂತವರ ಕಡೆಯಿಂದ ನೋಡಿ, ಗಡಿಯಾರಕ್ಕೆ ವಿರುದ್ಧವಾಗಿ ಎಣಿಸುತ್ತ. 180 ಎಂದರೆ ಮಟ್ಟಸ, 90 ಎಂದರೆ ನೆಟ್ಟಗೆ. ಗಾಜು ಚೌಕಟ್ಟಿನಲ್ಲಿ ಕೂರುವಾಗ ಅಕ್ಷ 5 ಡಿಗ್ರಿ ತಪ್ಪಿದರೆ ಸಿಲಿಂಡರಿನ ಸುಮಾರು ಆರನೇ ಒಂದು ಭಾಗ, 10 ಡಿಗ್ರಿ ತಪ್ಪಿದರೆ ಮೂರನೇ ಒಂದು ಭಾಗ ಹೊಸ ದೋಷವಾಗಿ ಉಳಿಯುತ್ತದೆ. 30 ಡಿಗ್ರಿ ತಪ್ಪಿತೋ, ಸಿಲಿಂಡರ್ ಹಾಕಿಯೂ ಹಾಕದಷ್ಟೇ ಮಸುಕು, ಬೇರೊಂದು ದಿಕ್ಕಿಗೆ. ಅರ್ಧ ಡಯಾಪ್ಟರ್ ಇರುವವರಿಗೆ ಸಣ್ಣ ತಪ್ಪು ಅರಿವಿಗೂ ಬರಲಿಕ್ಕಿಲ್ಲ. ಎರಡು ಮೂರು ಡಯಾಪ್ಟರ್ ಇರುವವರು ಮಾತ್ರ ಇದನ್ನು ಸುಮ್ಮನೆ ಬಿಡಬಾರದು. ಕನ್ನಡಕದ ಕಡ್ಡಿ ಬಗ್ಗಿ ಒಂದು ಕಡೆ ಜಾರಿದರೂ ಅಕ್ಷ ತಿರುಗುತ್ತದೆ. ದುಂಡನೆಯ ಚೌಕಟ್ಟಿನಲ್ಲಿ ಗಾಜು ಸಡಿಲವಾದರೆ ತಾನೇ ತಿರುಗಿಕೊಳ್ಳಬಹುದು. ಹೊಸ ಕನ್ನಡಕ ‘ಸೆಟ್ಟಾಗಲಿಲ್ಲ’ ಎನಿಸಿದರೆ ಅಂಗಡಿಯಲ್ಲೇ ಗಾಜಿನ ಶಕ್ತಿ ಅಳೆಯುವ ಲೆನ್ಸೋಮೀಟರಿನಲ್ಲಿಟ್ಟು ಮೂರು ಅಂಕಿಗಳನ್ನೂ ಚೀಟಿಯ ಜೊತೆ ತಾಳೆ ನೋಡಲು ಹೇಳಿ. ಎರಡು ನಿಮಿಷದ ಕೆಲಸ, ಕೇಳುವ ಹಕ್ಕು ನಿಮ್ಮದು.

ತಾಳೆ ನೋಡುವಾಗ ಹಲವರು ಗಾಬರಿಯಾಗುವ ಒಂದು ವಿಷಯವಿದೆ. ಒಂದು ಕಡೆ −1.50 / −1.00 × 180 ಎಂದಿದ್ದರೆ ಇನ್ನೊಂದು ಕಡೆ −2.50 / +1.00 × 90 ಎಂದಿರುತ್ತದೆ. ಯಾರೋ ಒಬ್ಬರು ತಪ್ಪಿದ್ದಾರೆ ಎಂದುಕೊಳ್ಳಬೇಡಿ. ಎರಡೂ ಒಂದೇ ಗಾಜು. ಮೊದಲೆರಡು ಅಂಕಿಗಳನ್ನು ಕೂಡಿಸಿ, ಸಿಲಿಂಡರಿನ ಚಿಹ್ನೆ ಬದಲಿಸಿ, ಅಕ್ಷವನ್ನು 90 ಡಿಗ್ರಿ ತಿರುಗಿಸಿದರೆ ಒಂದು ಇನ್ನೊಂದಾಗುತ್ತದೆ. ಕೆಲವರು ಪ್ಲಸ್ ಸಿಲಿಂಡರಿನಲ್ಲಿ, ಕೆಲವರು ಮೈನಸ್ಸಿನಲ್ಲಿ ಬರೆಯುವ ರೂಢಿ ಅಷ್ಟೇ.

ಚೀಟಿ ಕಳೆದುಹೋಗಿದ್ದರೂ ನಿಮ್ಮ ಗಾಜಿನಲ್ಲಿ ಸಿಲಿಂಡರ್ ಇದೆಯೇ ಎಂದು ಮನೆಯಲ್ಲೇ ತಿಳಿಯಬಹುದು. ಕನ್ನಡಕ ತೆಗೆದು ತುಸು ದೂರ ಹಿಡಿದು, ಒಂದು ಗಾಜಿನ ಮೂಲಕ ಬಾಗಿಲ ಚೌಕಟ್ಟಿನ ನೆಟ್ಟನೆಯ ಅಂಚು ನೋಡಿ. ಕನ್ನಡಕವನ್ನು ಅದೇ ಸಮತಲದಲ್ಲಿ ಮೆಲ್ಲಗೆ ತಿರುಗಿಸಿ. ಗಾಜಿನೊಳಗಿನ ಅಂಚು ಹೊರಗಿನ ಅಂಚಿನಿಂದ ಓರೆಯಾಗಿ ಕತ್ತರಿಯಾಡಿದರೆ ಸಿಲಿಂಡರ್ ಇದೆ. ಎಷ್ಟು ತಿರುಗಿಸಿದರೂ ನೇರವಾಗಿಯೇ ಇದ್ದರೆ ಇಲ್ಲ. ಮಸುಕು ಗಾಜಿನಿಂದ ಸರಿಹೋಗುವಂಥದ್ದೇ ಎಂದು ತಿಳಿಯಬೇಕಿದ್ದರೆ ದಪ್ಪ ಕಾಗದದಲ್ಲಿ ಗುಂಡುಪಿನ್ನಿನ ರಂಧ್ರ ಮಾಡಿ ಅದರ ಮೂಲಕ ನೋಡಿ. ಅಕ್ಷರ ಚುರುಕಾದರೆ ಸಾಮಾನ್ಯವಾಗಿ ಗಾಜಿನ ವಿಷಯ. ಆಗಲೂ ಮಸುಕಾಗಿಯೇ ಇದ್ದರೆ ಕನ್ನಡಕದಂಗಡಿಗಲ್ಲ, ಕಣ್ಣಿನ ವೈದ್ಯರ ಬಳಿ ಹೋಗಿ.

ದೋಷ ಕಣ್ಣಿನಲ್ಲೇ ಇರಬೇಕೆಂದಿಲ್ಲ, ಒಳ್ಳೆಯ ಗಾಜೂ ಅಸ್ಟಿಗ್ಮ್ಯಾಟಿಕ್ ಆಗುತ್ತದೆ. ಮಸೂರದ ನಡುವಿನಿಂದ ನೋಡಿದರೆ ಸರಿ. ಓರೆಯಾಗಿ ಅಂಚಿನಿಂದ ನೋಡಿದಾಗ ಬೆಳಕಿಗೆ ಒಂದು ದಿಕ್ಕಿನ ಬಾಗು ಹೆಚ್ಚಾಗಿ ಎದುರಾಗುತ್ತದೆ. 1912ರಲ್ಲಿ ಜರ್ಮನಿಯ ಝೈಸ್ ಕಂಪನಿ ಮಾರುಕಟ್ಟೆಗೆ ತಂದ ಪುಂಕ್ಟಾಲ್ ಕನ್ನಡಕದ ಗಾಜಿನ ಹೆಗ್ಗಳಿಕೆಯೇ ಅಂಚಿನಿಂದ ನೋಡಿದರೂ ಚುಕ್ಕೆ ಚುಕ್ಕೆಯಾಗಿಯೇ ಕಾಣುವುದು. ಕ್ಯಾಮೆರಾದಲ್ಲಿ ಅದೇ ಕಂಪನಿಯ ಪೌಲ್ ರುಡಾಲ್ಫ್ 1890ರಲ್ಲಿ ಇದನ್ನು ಸಾಧಿಸಿದ್ದ. ಹಳೆಯ ಮಡಚುವ ಕ್ಯಾಮೆರಾಗಳ ಲೆನ್ಸಿನ ಸುತ್ತ ‘ಅನಾಸ್ಟಿಗ್ಮ್ಯಾಟ್’ ಎಂದು ಕೆತ್ತಿರುತ್ತದಲ್ಲ, ಅದು ಈ ದೋಷ ನಿವಾರಿಸಿದ್ದೇವೆ ಎಂಬ ಹೆಮ್ಮೆಯ ಮುದ್ರೆ. ಎರಡು ನಿಷೇಧ ಸೇರಿ ಬಂದ ಹೆಸರು.

ನಲವತ್ತು ದಾಟಿದವರಿಗೆ ತಟ್ಟುವ ಮಾತು ಪ್ರೊಗ್ರೆಸಿವ್ ಗಾಜಿನದು. ಮೇಲೆ ದೂರಕ್ಕೆ, ಕೆಳಗೆ ಓದಿಗೆ, ನಡುವೆ ಗೆರೆಯಿಲ್ಲದೆ ಶಕ್ತಿ ಏರುತ್ತ ಹೋಗುವ ಗಾಜಿನಲ್ಲಿ ಇಕ್ಕೆಲದಲ್ಲೂ ಬೇಡದ ಅಸ್ಟಿಗ್ಮ್ಯಾಟಿಸಂ ಹುಟ್ಟಿಯೇ ತೀರುತ್ತದೆ. ನಡುಗೆರೆಯುದ್ದಕ್ಕೂ ಶಕ್ತಿ ಎಷ್ಟು ವೇಗವಾಗಿ ಏರುತ್ತದೋ, ಅದರಿಂದ ಪಕ್ಕಕ್ಕೆ ಸರಿದಂತೆ ಈ ದೋಷ ಅದರ ಎರಡರಷ್ಟು ವೇಗದಲ್ಲಿ ಬೆಳೆಯುತ್ತದೆ ಎಂದು ಮಿಂಕ್ವಿಟ್ಜ್ ಎಂಬುವರು 1963ರಲ್ಲಿ ಗಣಿತದಿಂದ ತೋರಿಸಿಕೊಟ್ಟರು. ಎಷ್ಟು ದುಡ್ಡು ಕೊಟ್ಟರೂ ಈ ಲೆಕ್ಕ ತಪ್ಪಿಸಲಾಗದು. ದುಬಾರಿ ವಿನ್ಯಾಸಗಳು ಮಸುಕನ್ನು ಬೇರೆಡೆಗೆ ಹಂಚಬಲ್ಲವು, ಅಳಿಸಲಾರವು. ಚಿಕ್ಕ ಚೌಕಟ್ಟಿನೊಳಗೆ ಏರಿಕೆಯನ್ನೆಲ್ಲ ತುರುಕಿದರೆ ಪಕ್ಕದ ತೊನೆದಾಟ ಹೆಚ್ಚುತ್ತದೆ. ಮೊದಲ ಸಲ ಹಾಕಿಕೊಳ್ಳುವವರು ತುಸು ಎತ್ತರದ ಚೌಕಟ್ಟು ಆರಿಸಿಕೊಳ್ಳುವುದು, ಕಣ್ಣು ಹೊರಳಿಸುವ ಬದಲು ಮುಖವನ್ನೇ ತಿರುಗಿಸಿ ನೋಡುವುದು ಒಳ್ಳೆಯದು.

ಈ ದೋಷವನ್ನು ಬೇಕೆಂದೇ ಹುಟ್ಟಿಸಿ ದುಡಿಸಿಕೊಂಡದ್ದೂ ಉಂಟು. 1982ರಲ್ಲಿ ಮಾರುಕಟ್ಟೆಗೆ ಬಂದ ಸಿಡಿ ಪ್ಲೇಯರುಗಳಲ್ಲಿ ಸುತ್ತುವ ತಟ್ಟೆ ಮೇಲೆ ಕೆಳಗೆ ಕುಣಿದರೂ ಲೇಸರ್ ಅದರ ಮೇಲೇ ನೆಟ್ಟಿರಬೇಕಿತ್ತು. ಮರಳಿ ಬರುವ ಬೆಳಕಿನ ದಾರಿಯಲ್ಲಿ ಒಂದು ಸಿಲಿಂಡರ್ ಮಸೂರವಿಟ್ಟು, ನಾಲ್ಕು ಭಾಗವಾದ ಬೆಳಕುಗ್ರಾಹಿಯ ಮೇಲೆ ಬೀಳಿಸುವ ವಿಧಾನ ಬಂತು. ತಟ್ಟೆ ಸರಿಯಾದ ದೂರದಲ್ಲಿದ್ದರೆ ಮಚ್ಚೆ ದುಂಡಗೆ, ಹತ್ತಿರವಾದರೆ ಒಂದು ಕರ್ಣದತ್ತ ಉದ್ದ, ದೂರವಾದರೆ ಇನ್ನೊಂದರತ್ತ. ಎದುರುಬದುರು ಭಾಗಗಳ ಬೆಳಕನ್ನು ಕೂಡಿ ಕಳೆದರೆ ಮಸೂರ ಎತ್ತ ಸರಿಯಬೇಕೆಂಬುದು ತಕ್ಷಣ ತಿಳಿಯುತ್ತದೆ. ಸ್ಟರ್ಮ್‌ನ ಆಕೃತಿ ಇಲ್ಲಿ ಅಳತೆಗೋಲಾಯಿತು. ಕ್ಯಾಸೆಟ್ ಹೋಗಿ ಸಿಡಿ ಬಂದ ವರ್ಷಗಳಲ್ಲಿ ನಾವು ಕೇಳಿದ ಹಾಡುಗಳಲ್ಲಿ ಎಷ್ಟೋ ಈ ದಾರಿಯಲ್ಲಿ ಬಂದವು ಎಂದು ತಿಳಿದಾಗ ನನಗಾದ ಸಂತೋಷ ದೊಡ್ಡದು.

ಮತ್ತೆ ಕಣ್ಣಿಗೆ. ನೇತ್ರವೈದ್ಯ ಡಾ. ಎಂ. ಸಿ. ಮೋದಿಯವರು ಊರೂರಿಗೆ ಹೋಗಿ ಶಿಬಿರ ನಡೆಸುತ್ತಿದ್ದ ಕಾಲದಲ್ಲಿ ಪೊರೆ ತೆಗೆದ ಕಣ್ಣಿಗೆ ದಪ್ಪ ಗಾಜಿನ ಕನ್ನಡಕವೇ ಆಸರೆ. ಆಗಿನ ಪದ್ಧತಿಯಲ್ಲಿ ದೊಡ್ಡ ಗಾಯ, ಹೊಲಿಗೆ. ಹೊಲಿಗೆಯ ಬಿಗಿಯೇ ಕಾರ್ನಿಯಾವನ್ನು ಎಳೆದು ಸಿಲಿಂಡರ್ ಹುಟ್ಟಿಸುತ್ತಿತ್ತು. ಈಗ ಫೇಕೋ ವಿಧಾನದಲ್ಲಿ ಗಾಯ ಮೂರು ಮಿಲಿಮೀಟರಿಗಿಂತ ಚಿಕ್ಕದು, ಒಳಗಿಡುವ ಮಸೂರದಲ್ಲೇ ಸಿಲಿಂಡರ್ ಸೇರಿಸಿದ ಟೋರಿಕ್ ಲೆನ್ಸೂ ಸಿಗುತ್ತದೆ. ಮಲಗಿದಾಗ ಕಣ್ಣು ತನ್ನ ಗೂಡಿನಲ್ಲಿ ತುಸು ತಿರುಗುವುದರಿಂದ, ನಿಮ್ಮನ್ನು ಕೂರಿಸಿಯೇ ಕಣ್ಣಿನ ಮೇಲೆ ಅಕ್ಷದ ಗುರುತು ಹಾಕುವ ಪದ್ಧತಿ ಇದೆ. ಮೇಲೆ ಹೇಳಿದ ಡಿಗ್ರಿಯ ಲೆಕ್ಕ ಇಲ್ಲಿಗೂ ಅನ್ವಯ. ಸಿಲಿಂಡರ್ ಕಡಿಮೆಯಿದ್ದವರಿಗೆ ಈ ಹೆಚ್ಚುವರಿ ಖರ್ಚಿನ ಅಗತ್ಯ ಬೀಳದೇ ಇರಬಹುದು. ‘ನನ್ನ ಕಾರ್ನಿಯಾದ ಸಿಲಿಂಡರ್ ಎಷ್ಟು?’ ಎಂದು ಕೇಳಿ ತಿಳಿದುಕೊಂಡೇ ನಿರ್ಧರಿಸಿ.

ಮಕ್ಕಳ ವಿಷಯದಲ್ಲಿ ತಡಮಾಡಬಾರದು. ದೊಡ್ಡ ಸಿಲಿಂಡರ್ ಇದ್ದು ಎಳವೆಯಲ್ಲಿ ಕನ್ನಡಕ ಸಿಗದಿದ್ದರೆ ಮಿದುಳು ಒಂದು ದಿಕ್ಕಿನ ಗೆರೆಗಳನ್ನು ಚುರುಕಾಗಿ ನೋಡುವುದನ್ನು ಕಲಿಯುವುದೇ ಇಲ್ಲ. ಮುಂದೆ ಸರಿಯಾದ ಗಾಜು ಕೊಟ್ಟರೂ ಆ ದಿಕ್ಕಿನ ನೋಟ ಮಂದವಾಗಿಯೇ ಉಳಿಯಬಹುದು. ಮಗುವಿಗೆ ತಾನು ನೋಡುತ್ತಿರುವುದು ಮಸುಕೆಂದು ಗೊತ್ತಿರುವುದಿಲ್ಲ, ಹಾಗಾಗಿ ಅದು ದೂರುವುದಿಲ್ಲ. ಕಣ್ಣು ಕಿರಿದು ಮಾಡಿ ನೋಡುವುದು, ತಲೆ ಓರೆಮಾಡುವುದು ಗಮನಕ್ಕೆ ಬಂದರೆ ತೋರಿಸಿ. ಬಾರದಿದ್ದರೂ ಶಾಲೆಗೆ ಸೇರಿಸುವ ಮುನ್ನ ಒಮ್ಮೆ ತೋರಿಸಿ. ಹದಿಹರೆಯದಲ್ಲಿ ಸಿಲಿಂಡರ್ ಬೇಗ ಬೇಗ ಏರುತ್ತಿದ್ದರೆ, ಅಕ್ಷವೂ ಓಡಾಡುತ್ತಿದ್ದರೆ, ಜೊತೆಗೆ ಕಣ್ಣುಜ್ಜುವ ಅಭ್ಯಾಸ ಇದ್ದರೆ ಅದು ಕೆರಟೋಕೋನಸ್ ಇರಬಹುದು: ಕಾರ್ನಿಯಾ ತೆಳುವಾಗಿ ಶಂಕುವಿನಂತೆ ಮುಂದೆ ಬರುವ ಕಾಯಿಲೆ. ಆಗ ಬೇಕಾದದ್ದು ಇನ್ನೊಂದು ಕನ್ನಡಕವಲ್ಲ, ಕಾರ್ನಿಯಾದ ಟೊಪೋಗ್ರಫಿ ಪರೀಕ್ಷೆ. ರೈಬೋಫ್ಲೇವಿನ್ ಹನಿ ಮತ್ತು ಅತಿನೇರಳೆ ಬೆಳಕಿನಿಂದ ಕಾರ್ನಿಯಾವನ್ನು ಗಟ್ಟಿಮಾಡುವ ಚಿಕಿತ್ಸೆ ಈಗ ನಮ್ಮಲ್ಲೂ ಲಭ್ಯ, ವೈದ್ಯರು ಇದನ್ನು ಸಿ3ಆರ್ ಎನ್ನುತ್ತಾರೆ. ಅದು ಮುಖ್ಯವಾಗಿ ಕಾಯಿಲೆಯ ಓಟವನ್ನು ನಿಲ್ಲಿಸುತ್ತದೆ, ಆಗಿಹೋದ ಬಾಗನ್ನು ಪೂರ್ತಿ ಹಿಂತಿರುಗಿಸುವುದಿಲ್ಲ. ಹಾಗಾಗಿ ಬದಲಾವಣೆ ಬೇಗ ಗೊತ್ತಾಗುವಂತೆ ಹಳೆಯ ಚೀಟಿಗಳನ್ನು ಎಸೆಯದೆ ಒಟ್ಟಿಗೆ ಇಟ್ಟುಕೊಂಡು, ಪ್ರತಿ ಸಲವೂ ವೈದ್ಯರಿಗೆ ಮೂರೂ ಮನೆಯ ಅಂಕಿಗಳನ್ನು ತೋರಿಸಿ.